ಹಳೇ ಕಾರು, ಸವೆದ ರಿಲೇ, ಹಸಿರು ಫ್ಯೂಸು



ಇವತ್ತು ಬರೀತಿರೋದು ಕಾರಿನ ಫ್ಯೂಸು ಮತ್ತು ರಿಲೇ ಬಗ್ಗೆ. ನಗಬೇಡಿ. ಸ್ವಲ್ಪ ಉದ್ದ ಇದೆ, ಬಿಡುವಾದಾಗ ಓದಿದರೂ ಸರಿ, ಆದರೆ ಪೂರ್ತಿ ಓದಿ.

ನಮ್ಮ ಸಂಘಟನೆಗಳಲ್ಲಿ ಓಡಾಡೋ ಗಾಡಿಗಳನ್ನ ಒಂದ್ಸಲ ಕಣ್ಮುಂದೆ ತಂದ್ಕೊಳ್ಳಿ. ಎಲ್ಲಾ ಎರಡನೇ ಕೈ, ಮೂರನೇ ಕೈ. ಹದಿನೈದು ವರ್ಷ ತುಂಬಿ ಆರ್‌ಸಿ ನವೀಕರಣ ಮಾಡಿಸ್ಕೊಂಡವು. ಬ್ಯಾನರ್ ಬಂಡಲ್ಲು, ಮೈಕ್ ಸೆಟ್ಟು, ಆಸ್ಪತ್ರೆಗೆ ಹೋಗೋ ಬಾಣಂತಿ, ಕೋರ್ಟಿಗೆ ಹೋಗೋ ಸಾಕ್ಷಿ, ಎಲ್ಲಾ ಅದರಲ್ಲೇ. ಇಂಜಿನ್ನು, ಬ್ರೇಕು ಕೆಟ್ಟರೆ ಯಾರಾದ್ರೂ ಕಂಡು ಹಿಡೀತಾರೆ. ಕರೆಂಟಿನ ರೋಗ ಬಂದಾಗ ಮಾತ್ರ ಎಲ್ಲರೂ ಕೈ ಚೆಲ್ಲಿ ಕೂತ್ಕೋತೀವಿ. ಗ್ಯಾರೇಜಿನವರು ಹೇಳಿದ್ದಕ್ಕೆಲ್ಲ ತಲೆ ಆಡಿಸಿ ದುಡ್ಡು ಕೊಟ್ಟು ಬರ್ತೀವಿ. ಹೋದ ತಿಂಗಳು ಬೇರೆ ಬೇರೆ ತಾಲ್ಲೂಕಿನ ಮೂರು ಜನ ಇದೇ ವಿಷಯಕ್ಕೆ ಫೋನ್ ಮಾಡಿದ್ರು. ಮೂವರಿಗೂ ಒಂದೇ ಸಲ ಹೇಳಿದ ಹಾಗಾಗ್ಲಿ ಅಂತ ಇದು.

ನಮ್ಮ ಗಾಡಿ 2007ರ ಮಾಡೆಲ್, ಪೆಟ್ರೋಲ್. ಹದಿನಾಲ್ಕು ಜನ ಕೈಗೂಡಿಸಿ ತಗೊಂಡಿದ್ದು. ನಮಗಿಂತ ಮುಂಚೆ ಇಬ್ಬರು ಯಜಮಾನರನ್ನ ಕಂಡಿದೆ. ಕಂಪನಿ ಹೆಸರು ಬೇಡ, ಈ ವಯಸ್ಸಿನ ಯಾವ ಗಾಡಿಗಾದ್ರೂ ಬರೋ ರೋಗ ಇದು. ಬೆಳಗ್ಗೆ ಒಂದೇ ಏಟಿಗೆ ಸ್ಟಾರ್ಟ್ ಆಗುತ್ತೆ. ಗಂಟೆಗಟ್ಟಲೆ ಓಡಿಸಿದ್ರೂ ತೊಂದರೆ ಇಲ್ಲ. ಬಿಸಿಲಲ್ಲಿ ಓಡಿಸಿ ಹತ್ತು ನಿಮಿಷ ಎಲ್ಲಾದ್ರೂ ನಿಲ್ಲಿಸಿದ್ರೆ ಮುಗೀತು. ಸ್ಟಾರ್ಟರ್ ಗರಗರ ಅಂತ ಜೋರಾಗೇ ತಿರುಗುತ್ತೆ, ಇಂಜಿನ್ ಹತ್ತಲ್ಲ. ಮುಕ್ಕಾಲು ಗಂಟೆ ಬಿಟ್ಟು ತಿರುಗಿಸಿ, ಏನೂ ಆಗೇ ಇಲ್ಲ ಅನ್ನೋ ಹಾಗೆ ಹತ್ಕೊಳ್ಳುತ್ತೆ.

ಒಂದು ಗ್ಯಾರೇಜಿನವರು ಬ್ಯಾಟರಿ ಬದಲಾಯಿಸಿದ್ರು. ಸರಿ ಹೋಗ್ಲಿಲ್ಲ. ಇನ್ನೊಬ್ಬರು ಪೆಟ್ರೋಲ್ ಪಂಪು ಬದಲಾಯಿಸಿದ್ರು, ಆರು ಸಾವಿರ ಚಿಲ್ಲರೆ. ಸರಿ ಹೋಗ್ಲಿಲ್ಲ. ಮೂರನೆಯವರು ಬಾನೆಟ್ ಎತ್ತಿ, ಎರಡು ನಿಮಿಷ ನೋಡಿ, ವೈರಿಂಗ್ ಪೂರ್ತಿ ಕಿತ್ತು ಹೊಸದು ಹಾಕ್ಬೇಕು, ಹದಿನೆಂಟು ಸಾವಿರ ಅಂದ್ರು.

ಬರೀ ದುಡ್ಡಿನ ಪ್ರಶ್ನೆ ಆಗಿದ್ರೆ ಇಷ್ಟುದ್ದ ಬರೀತಿರ್ಲಿಲ್ಲ. ಈ ಗಾಡಿ ಜಾಸ್ತಿ ಓಡೋದು ಪಾವಗಡ ಸೀಮೆಯ ಹಳ್ಳಿಗಳಿಂದ ತುಮಕೂರಿಗೆ, ಮಧುಗಿರಿ, ಕೊರಟಗೆರೆ ಮೇಲೆ, ಹತ್ತಿರ ಹತ್ತಿರ ನೂರು ಕಿಲೋಮೀಟರು. ದೌರ್ಜನ್ಯ ಕೇಸಿನ ಸಾಕ್ಷಿಗಳಿಗೆ ಪ್ರಯಾಣದ ಖರ್ಚು ಕೊಡಬೇಕು ಅಂತ 1995ರ ನಿಯಮಗಳಲ್ಲಿ ಇದೆ, 2015ರ ತಿದ್ದುಪಡಿಯಲ್ಲಿ ಸೇರಿಸಿದ 15ಎ ಕಲಮಿನಲ್ಲೂ ಇದೆ. ಖರ್ಚು ಕೈಗೆ ಬಂದ್ರೂ ಊರಿಂದ ಬೆಳಗ್ಗೆ ಹೊರಡೋದು ಒಂದೇ ಬಸ್ಸು. ಆರೋಪಿಗಳ ಕಡೆಯವರೂ ಅದೇ ಬಸ್ಸಲ್ಲಿ ಕೂತಿರ್ತಾರೆ. ಅಷ್ಟೂ ದಾರಿ ಅವರ ಕಣ್ಣೆದುರು ಕೂತು ಹೋಗಿ, ಇಳಿದು, ಕಟಕಟೆ ಹತ್ತಿ ಬಾಯಿ ಬಿಡು ಅಂದ್ರೆ ಯಾರು ಬಿಡ್ತಾರೆ? ಅದಕ್ಕೇ ಈ ಕಾರು.

ಮಾರ್ಚ್ ವಾಯಿದೆಗೆ ನಾಲ್ಕು ಜನ ಸಾಕ್ಷಿಗಳನ್ನ ಕೂರಿಸ್ಕೊಂಡು ಹೊರಟ್ವಿ. ವಯಸ್ಸಾದ ಅವ್ವ ಒಬ್ಬರಿಗೆ ದಾರೀಲಿ ವಾಂತಿ ಬಂದು ಕೊರಟಗೆರೆ ಹತ್ರ ನಿಲ್ಲಿಸಬೇಕಾಯ್ತು. ಗಾಡಿ ಮತ್ತೆ ಹತ್ತಲೇ ಇಲ್ಲ. ಬೇರೆ ಗಾಡಿ ಹಿಡಿದು ಕೋರ್ಟು ಮುಟ್ಟಿದಾಗ ಹನ್ನೆರಡೂವರೆ. ಅಷ್ಟರಲ್ಲಿ ಕೇಸು ಕರೆದು ಮುಂದಿನ ದಿನಾಂಕ ಹಾಕಿ ಆಗಿತ್ತು. ವಾಪಸ್ ಬರುವಾಗ ಆ ಅವ್ವ, 'ಇನ್ನೊಂದ್ ದಪ ಬರಾಕೆ ನನ್ ಕೈಲಾಗಲ್ಲ ಕಣಪ್ಪ' ಅಂದ್ರು. ಕೂಲಿ ಹೋಯ್ತು ಅಂತ ಹೇಳಿದ ಮಾತಲ್ಲ ಅದು. ರಾತ್ರಿಯಿಡೀ ಕೂಡಿಸಿ ಕಟ್ಕೊಂಡಿದ್ದ ಧೈರ್ಯ ರಸ್ತೆ ಬದಿ ಹುಣಸೆ ಮರದ ಕೆಳಗೆ ಕೂತು ಕರಗಿ ಹೋಗಿತ್ತು. ಮುಂದಿನ ವಾಯಿದೆಗೆ ಐದು ವಾರ ಇತ್ತು.

ಆಗ ಗಾಡಿ ತಗೊಂಡು ಹೋಗಿದ್ದು ಒಬ್ಬ ಆಟೋ ಎಲೆಕ್ಟ್ರಿಷಿಯನ್ ಹತ್ರ. ಎಲ್ಲರೂ ಚಾಚಾ ಅಂತಾರೆ, ನಾನೂ ಹಾಗೇ ಕರೀತೀನಿ. ಲಾರಿಗಳಲ್ಲಿ ಡೈನಮೋ ಇದ್ದ ಕಾಲದಿಂದ ಕೆಲಸ ಮಾಡ್ತಿರೋ ಮನುಷ್ಯ. ನಾನು ಹೇಳಿದ್ದೆಲ್ಲ ಕೇಳಿಸ್ಕೊಂಡು ಬಾನೆಟ್ ಮುಟ್ಟಲೇ ಇಲ್ಲ. 'ಈಗ ಚೆನ್ನಾಗೈತಲ್ಲ, ಈಗ ನೋಡಿದ್ರೆ ಏನ್ ಸಿಗ್ತದೆ? ಕೆಡಿಸ್ಕೊಂಡು ಬಾ' ಅಂದ್ರು.

ಮೊದಲ ಪಾಠ ಇದೇ ನೋಡಿ. ಬಂದು ಹೋಗೋ ರೋಗವನ್ನ ಬಂದಾಗಲೇ ಹಿಡೀಬೇಕು. ಗಾಡಿ ತಣ್ಣಗಿರುವಾಗ ಗ್ಯಾರೇಜಿಗೆ ಬಿಟ್ಟು ಬಂದ್ರೆ ಅವರು ಊಹೆ ಮೇಲೆ ಸಾಮಾನು ಬದಲಾಯಿಸ್ತಾರೆ, ನಮ್ಮ ದುಡ್ಡಲ್ಲಿ.

ಮಧ್ಯಾಹ್ನ ಒಂದು ಗಂಟೆ ಬಿಸಿಲಲ್ಲಿ ತಿರುಮಣಿ ಕಡೆ ಒಂದು ಸುತ್ತು ಹೊಡೆದೆ. 2,050 ಮೆಗಾವ್ಯಾಟ್ ಸೋಲಾರ್ ಪಾರ್ಕಿನ ಪಕ್ಕದಲ್ಲಿ, 12 ವೋಲ್ಟು ಎಲ್ಲಿ ಕಳೆದು ಹೋಯ್ತು ಅಂತ ಹುಡುಕೋಕೆ ಗಾಡಿ ಓಡಿಸ್ತಿದ್ದೆ. ಬಂದು ಚಾಚಾ ಅಂಗಡಿ ಮುಂದೆ ನಿಲ್ಲಿಸಿ, ಬಾನೆಟ್ ಮುಚ್ಚೇ ಹತ್ತು ನಿಮಿಷ ಬಿಟ್ವಿ. ತಿರುಗಿಸಿದ್ರೆ ಹತ್ತಲಿಲ್ಲ. ಚಾಚಾ ಮುಖದಲ್ಲಿ ಖುಷಿ.

ಈಗ ಕೆಲಸದ ಮಾತು. ಸ್ಟಾರ್ಟರ್ ಜೋರಾಗಿ ತಿರುಗ್ತಿದೆ ಅಂದ್ರೆ ಬ್ಯಾಟರಿ ಮೇಲೆ ಅನುಮಾನ ಬೇಡ. ಕಾರಲ್ಲಿ ಅತಿ ಹೆಚ್ಚು ಕರೆಂಟು ಕುಡಿಯೋದೇ ಸ್ಟಾರ್ಟರ್, ಅದಕ್ಕೆ ಸಾಕಾಗಿದ್ದು ಉಳಿದದ್ದಕ್ಕೆ ಸಾಲದೇ ಹೋಗಲ್ಲ. ಆಮೇಲೆ, ಪೆಟ್ರೋಲ್ ಇಂಜೆಕ್ಷನ್ ಗಾಡಿಗಳಲ್ಲಿ ಕೀಲಿಯನ್ನ ಆನ್‌ಗೆ ತಿರುಗಿಸಿ ಸ್ಟಾರ್ಟ್ ಮಾಡದೇ ಸುಮ್ಮನೆ ಕಿವಿಗೊಡಿ. ಸಾಮಾನ್ಯವಾಗಿ ಹಿಂದಿನ ಸೀಟಿನ ಕೆಳಗಿಂದ ಎರಡು ಸೆಕೆಂಡು ಗುಂಯ್ ಅಂತ ಸದ್ದು ಬರುತ್ತೆ. ಅದು ಟ್ಯಾಂಕಿನೊಳಗಿನ ಪಂಪು. ನಮ್ಮ ಗಾಡಿ ತಣ್ಣಗಿದ್ದಾಗ ಆ ಸದ್ದು ಬರ್ತಿತ್ತು, ಬಿಸಿಯಾಗಿ ಕೆಟ್ಟಾಗ ಇಲ್ಲ.

ಪಂಪು ತಿರುಗ್ತಿಲ್ಲ ಅಂದ್ರೆ ಪಂಪು ಹೋಗಿದೆ ಅಂತ ಅರ್ಥ ಅಲ್ಲ. ಕರೆಂಟು ಬ್ಯಾಟರಿಯಿಂದ ಫ್ಯೂಸಿಗೆ, ಫ್ಯೂಸಿಂದ ರಿಲೇಗೆ, ರಿಲೇಯಿಂದ ಉದ್ದ ವೈರಲ್ಲಿ ಪಂಪಿಗೆ, ಅಲ್ಲಿಂದ ಬಾಡಿಗೆ ಅರ್ಥ್ ಆಗಿ ವಾಪಸ್ ಬರಬೇಕು. ಈ ದಾರಿಯಲ್ಲಿ ಎಲ್ಲಿ ಕೆಟ್ಟಿದೆ ಅನ್ನೋದೇ ಪ್ರಶ್ನೆ.

ಫ್ಯೂಸ್ ನೋಡೋಕೆ ಅದನ್ನ ಕೀಳಬೇಕಾಗಿಲ್ಲ. ಪ್ಲಾಸ್ಟಿಕ್ ಬ್ಲೇಡ್ ಫ್ಯೂಸಿನ ತಲೆ ಮೇಲೆ ಎರಡು ಚುಕ್ಕೆ ಲೋಹ ಕಾಣುತ್ತೆ. ಟೆಸ್ಟ್ ಲ್ಯಾಂಪಿನ ಕ್ಲಿಪ್ಪನ್ನ ಬಾಡಿಗೆ ಹಾಕಿ, ಮೊನೆಯನ್ನ ಎರಡಕ್ಕೂ ಮುಟ್ಟಿಸಿ. ಎರಡರಲ್ಲೂ ಉರಿದ್ರೆ ಫ್ಯೂಸ್ ಸರಿ. ಒಂದರಲ್ಲಿ ಮಾತ್ರ ಉರಿದ್ರೆ ಸುಟ್ಟಿದೆ. ಎರಡರಲ್ಲೂ ಉರೀದಿದ್ರೆ ಅಲ್ಲಿಗೆ ಕರೆಂಟೇ ಬಂದಿಲ್ಲ, ಅಥವಾ ಕೀಲಿ ಆನ್ ಮಾಡಿದ್ರೆ ಮಾತ್ರ ಬರೋ ಲೈನು. ನಮ್ಮ ಪಂಪಿನ ಫ್ಯೂಸ್ ಎರಡೂ ಕಡೆ ಚೆನ್ನಾಗಿ ಉರೀತು.

ಇನ್ನು ರಿಲೇ. ಅಂಗೈಲಿ ಕೂರೋ ಕಪ್ಪು ಡಬ್ಬಿ. ಒಳಗಿರೋದು ಒಂದು ತಾಮ್ರದ ಸುರುಳಿ, ಒಂದು ಪುಟ್ಟ ಸ್ವಿಚ್ಚು. ಸಣ್ಣ ಕರೆಂಟು ಸುರುಳಿಗೆ ಬಂದ್ರೆ ಅದು ಆಯಸ್ಕಾಂತ ಆಗಿ ಸ್ವಿಚ್ಚನ್ನ ಎಳೆಯುತ್ತೆ, ಟಿಕ್ ಅನ್ನುತ್ತೆ, ದೊಡ್ಡ ಕರೆಂಟು ಆ ಸ್ವಿಚ್ಚಿನ ಮೂಲಕ ಹರಿಯುತ್ತೆ. ಹೆಚ್ಚಿನ ರಿಲೇಗಳ ಕೆಳಗೆ ಕಾಲುಗಳ ಪಕ್ಕ ನಂಬರ್ ಇರುತ್ತೆ. 85, 86 ಸುರುಳಿಯ ಎರಡು ತುದಿ. 30ಕ್ಕೆ ಬ್ಯಾಟರಿ ಕಡೆಯಿಂದ ಕರೆಂಟು ಬರುತ್ತೆ, 87ರಿಂದ ಸಾಮಾನಿಗೆ ಹೋಗುತ್ತೆ. ಕೆಲವದರಲ್ಲಿ 87ಎ ಅಂತ ಐದನೇ ಕಾಲು ಇರುತ್ತೆ, ರಿಲೇ ಸುಮ್ಮನಿರುವಾಗ 30 ಅದಕ್ಕೆ ತಗುಲಿರುತ್ತೆ. ಜರ್ಮನಿಯವರು ಮಾಡಿದ ನಂಬರು, ಲೋಕಕ್ಕೆಲ್ಲ ಅದೇ ಆಯ್ತು. ಇಷ್ಟು ಗೊತ್ತಿದ್ರೆ ನೀವು ಅರ್ಧ ಎಲೆಕ್ಟ್ರಿಷಿಯನ್.

ಚಾಚಾ ನನ್ನ ಬೆರಳನ್ನ ರಿಲೇ ಮೇಲೆ ಇಡಿಸಿ ಕೀಲಿ ತಿರುಗಿಸಿದ್ರು. ಟಿಕ್ ಅಂತು. ಅಂದ್ರೆ ಸುರುಳಿ ಕೆಲಸ ಮಾಡ್ತಿದೆ, ಅದಕ್ಕೆ ಅಪ್ಪಣೆ ಕೊಡೋ ಕಂಪ್ಯೂಟರ್ ಪೆಟ್ಟಿಗೆಯೂ ಕೆಲಸ ಮಾಡ್ತಿದೆ. ಟಿಕ್ ಅನ್ನದೇ ಇದ್ದಿದ್ರೆ 85, 86ರ ಕಡೆ ಹುಡುಕಬೇಕಿತ್ತು. 12 ವೋಲ್ಟಿನ ರಿಲೇಯಲ್ಲಿ ಸುರುಳಿಯ ಎರಡು ಕಾಲಿಗೆ ಮೀಟರ್ ಇಟ್ರೆ ಸಾಮಾನ್ಯವಾಗಿ 50ರಿಂದ 120 ಓಮ್ ಒಳಗೆ ಎಲ್ಲೋ ಒಂದು ಕಡೆ ತೋರಿಸುತ್ತೆ, ಏನೂ ತೋರಿಸದಿದ್ರೆ ತಂತಿ ತುಂಡಾಗಿದೆ.

ಆಮೇಲೆ ನಡೆದದ್ದು ನನಗೆ ಇವತ್ತಿಗೂ ಮರೆಯಲ್ಲ. ಪಂಪಿನ ಪ್ಲಗ್ ಕಿತ್ತು ಅದರ ಬಾಯಿಗೆ ಮಲ್ಟಿಮೀಟರ್ ಇಟ್ಟು ಕೀಲಿ ತಿರುಗಿಸಿದ್ವಿ. 12 ವೋಲ್ಟು! 'ನೋಡು, ನಿಮ್ ಪಂಪ್ ಬದಲಾಯಿಸಿದವನು ಇದನ್ನೇ ನೋಡಿರ್ತಾನೆ. ಕರೆಂಟು ಬರ್ತೈತೆ, ಪಂಪು ತಿರುಗ್ತಿಲ್ಲ, ಹಂಗಾದ್ರೆ ಪಂಪೇ ಸತ್ತೋಗೈತೆ ಅಂತ.' ಪ್ಲಗ್ ವಾಪಸ್ ಹಾಕಿ, ಹಿಂದಿನಿಂದ ಮೊನೆ ತೂರಿಸಿ, ನನಗೆ ಸ್ಟಾರ್ಟರ್ ಹೊಡೆಯೋಕೆ ಹೇಳಿದ್ರು. ಈಗ ಮೀಟರಲ್ಲಿ 4 ಚಿಲ್ಲರೆ.

ಹಳ್ಳಿಯ ನಲ್ಲಿ ನೆನಪು ಮಾಡ್ಕೊಳ್ಳಿ. ಪೈಪಲ್ಲಿ ಕಸ ಕಟ್ಟಿದ್ರೂ, ನಲ್ಲಿ ಮುಚ್ಚಿರುವಾಗ ಒತ್ತಡ ಪೂರ್ತಿನೇ ಇರುತ್ತೆ. ನಲ್ಲಿ ತಿರುಗಿಸಿದಾಗಲೇ ಗೊತ್ತಾಗೋದು, ಬರೋದು ಬೆರಳು ಗಾತ್ರದ ನೀರು ಅಂತ. ಮಲ್ಟಿಮೀಟರ್ ಕುಡಿಯೋ ಕರೆಂಟು ಇಲ್ಲವೇ ಇಲ್ಲ ಅನ್ನೋಷ್ಟು ಕಡಿಮೆ. ಒಂದೇ ಒಂದು ಎಳೆ ತಂತಿ ಉಳಿದಿದ್ರೂ ಅದು 12 ಅಂತ ತೋರಿಸಿಬಿಡುತ್ತೆ. ಅದಕ್ಕೇ ಹಳಬರು ಬಲ್ಬಿನ ಟೆಸ್ಟ್ ಲ್ಯಾಂಪನ್ನ ಬಿಡಲ್ಲ. ಬಲ್ಬು ಉರಿಯೋಕೆ ನಿಜವಾದ ಕರೆಂಟು ಬೇಕು, ಅದಕ್ಕೆ ಸುಳ್ಳು ಹೇಳೋಕೆ ಬರಲ್ಲ. ಮೀಟರ್ ಇಟ್ಕೊಂಡ್ರೂ ಸಾಮಾನು ಜೋಡಿಸಿ, ಕೆಲಸ ಮಾಡಿಸ್ತಾನೇ ಅಳೀಬೇಕು. (ಏರ್‌ಬ್ಯಾಗಿನ ಹಳದಿ ಕವಚದ ವೈರು, ಕಂಪ್ಯೂಟರ್ ಪೆಟ್ಟಿಗೆಯ ಸಣ್ಣ ವೈರುಗಳಿಗೆ ಮಾತ್ರ ಬಲ್ಬು ತಗುಲಿಸಲೇಬೇಡಿ.)

ಇನ್ನು ಕಳೆದು ಹೋದ ವೋಲ್ಟು ಎಲ್ಲಿ ಅಂತ ಹುಡುಕೋದು. ಸ್ಟಾರ್ಟರ್ ಹೊಡೆಯುವಾಗ ಬ್ಯಾಟರಿಯೇ 10.4ಕ್ಕೆ ಇಳೀತಿತ್ತು, ಅದು ಸಹಜ. ರಿಲೇಯನ್ನ ಸಾಕೆಟ್ಟಿಂದ ಒಂದು ಕೂದಲೆಳೆ ಮೇಲಕ್ಕೆತ್ತಿ, ಕಾಲುಗಳಿಗೆ ಮೊನೆ ಮುಟ್ಟೋ ಹಾಗೆ ಮಾಡ್ಕೊಂಡ್ರು. ಬ್ಯಾಟರಿ ಪ್ಲಸ್ಸಿಂದ ರಿಲೇಯ 30ರವರೆಗೆ 0.3. ಪಂಪಿನ ಅರ್ಥ್ ಕಡೆ 0.2. ರಿಲೇಯ 30ರಿಂದ 87ರವರೆಗೆ, ಅಂದ್ರೆ ಒಂದು ಇಂಚೂ ಇಲ್ಲದ ದಾರಿಯಲ್ಲಿ, 5.8! ನೂರಾರು ಅಡಿ ವೈರಿಂಗಲ್ಲಿ ಏನೂ ಆಗಿರ್ಲಿಲ್ಲ. ಹದಿನೆಂಟು ಸಾವಿರದ ರೋಗ ಆ ಡಬ್ಬಿಯೊಳಗೆ ಕೂತಿತ್ತು.

ಹಾರನ್ನಿನ ರಿಲೇ ಮೇಲೂ ಅದೇ ನಂಬರ್ ಇತ್ತು. ಅದನ್ನ ಕಿತ್ತು ಇಲ್ಲಿಗೆ ಹಾಕಿದ್ವಿ. ಸ್ಟಾರ್ಟ್.

'ಇದನ್ನ ಮೊದಲೇ ಮಾಡಬಹುದಿತ್ತಲ್ಲ ಚಾಚಾ?' ಅಂದೆ. ರಸ್ತೇಲಿ ನಿಂತಿದ್ರೆ ಮೊದಲು ಇದನ್ನೇ ಮಾಡು ಅಂದ್ರು. ಆದರೆ ಸಾಕೆಟ್ಟಲ್ಲಿ ಲೂಸು ಇದ್ದು, ಕಿತ್ತು ಚುಚ್ಚಿದ ಕಾರಣಕ್ಕೇ ಹಿಡಿತ ಬಂದು ಸ್ಟಾರ್ಟ್ ಆಗಿಬಿಟ್ರೆ? ರಿಲೇ ಕೆಟ್ಟಿತ್ತು ಅಂದ್ಕೊಂಡು ಹೋಗ್ತೀಯ, ಇನ್ನೊಂದು ತಿಂಗಳಿಗೆ ಮತ್ತೆ ನಿಲ್ತೀಯ. ಅಳೆದು ಆಮೇಲೆ ಬದಲಾಯಿಸಿದ್ರೆ ಆ ಅನುಮಾನ ಇರಲ್ಲ.

ಡಬ್ಬಿ ಬಿಚ್ಚಿ ತೋರಿಸಿದ್ರು. ತೊಗರಿ ಕಾಳಿನಷ್ಟು ಎರಡು ಲೋಹದ ಗುಂಡಿ, ಕಪ್ಪಗೆ ಸುಟ್ಟು ಗುಳಿ ಬಿದ್ದಿದ್ದವು. ಇಷ್ಟು ವರ್ಷ ಪ್ರತಿ ಸಲ ಸ್ವಿಚ್ಚು ಬಿಟ್ಟು ಹಿಡಿಯುವಾಗ ಒಂದೊಂದು ಕಿಡಿ. ಬಿಸಿಯಾದಾಗಲೇ ಯಾಕೆ ಅನ್ನೋ ಪ್ರಶ್ನೆಗೂ ಉತ್ತರ ಅಲ್ಲೇ ಇದೆ. ತಾಮ್ರ ಬಿಸಿಯಾದಷ್ಟೂ ಕರೆಂಟಿಗೆ ಅಡ್ಡಿ ಜಾಸ್ತಿ, ಹತ್ತು ಡಿಗ್ರಿಗೆ ಸುಮಾರು 4 ಶೇಕಡಾ. ಓಡ್ತಿರುವಾಗ ಗಾಳಿ ಬೀಸಿ ಬಾನೆಟ್ ಒಳಗೆ ತಂಪಿರುತ್ತೆ, ನಿಲ್ಲಿಸಿದ ಮೇಲೆ ಇಂಜಿನ್ ಬಿಸಿಯೆಲ್ಲ ಅಲ್ಲೇ ನಿಂತು ರಿಲೇ ಪೆಟ್ಟಿಗೆ ಕಾಯುತ್ತೆ. 80 ಓಮಿನ ಸುರುಳಿ 60 ಡಿಗ್ರಿ ಏರಿದ್ರೆ ಹತ್ತಿರ ಹತ್ತಿರ 100 ಓಮ್ ಆಗುತ್ತೆ. ಎಳೆಯೋ ಶಕ್ತಿ ಕಡಿಮೆ. ಜೊತೆಗೆ ಸ್ಟಾರ್ಟರ್ ಬೇರೆ ವೋಲ್ಟು ಕುಡೀತಿದೆ. ಗುಂಡಿ ನುಣ್ಣಗಿದ್ರೆ ಅಷ್ಟು ಒತ್ತಿದ್ರೂ ಸಾಕಿತ್ತು, ಗುಳಿ ಬಿದ್ದ ಗುಂಡಿಗೆ ಸಾಲದು. ಟಿಕ್ ಅನ್ನುತ್ತೆ, ಆದರೆ ಒತ್ತಿ ಹಿಡಿಯಲ್ಲ. ಹೊಸ ರಿಲೇಗೆ ಇನ್ನೂರೈವತ್ತು ರೂಪಾಯಿ ಆಯ್ತು. ಚಾಚಾ ಕೂಲಿ ಇನ್ನೂರು, ಅದೂ ನಾನು ಜೇಬಿಗೆ ತುರುಕಿದ್ದು.

ಅಷ್ಟಕ್ಕೇ ಮುಗೀಲಿಲ್ಲ. ಪೆಟ್ಟಿಗೆ ಮುಚ್ಚುವಾಗ ಚಾಚಾ ಕಣ್ಣಿಗೆ ಒಂದು ಹಸಿರು ಫ್ಯೂಸ್ ಬಿತ್ತು. ಮುಚ್ಚಳದ ಚಿತ್ರದಲ್ಲಿ ಆ ಜಾಗಕ್ಕೆ 15 ಅಂತಿದೆ, ಪಾರ್ಕ್ ಲೈಟು, ಹಿಂದಿನ ಲೈಟು, ಮೀಟರ್ ಬೆಳಕಿನ ಲೈನು. ಹಸಿರು ಅಂದ್ರೆ 30. ಬಣ್ಣ ನೆನಪಿಟ್ಕೊಳ್ಳಿ: ಕೆಂಪು 10, ನೀಲಿ 15, ಹಳದಿ 20, ಬಿಳಿ 25, ಹಸಿರು 30. ಹಿಂದಿನ ಯಜಮಾನರ ಕಾಲದಲ್ಲಿ ಯಾರೋ ಹಾಕಿದ್ದು. ಯಾಕೆ ಹಾಕಿರ್ತಾರೆ? 15ರದ್ದು ಪದೇ ಪದೇ ಸುಡ್ತಿತ್ತು, ದೊಡ್ಡದು ಹಾಕಿ ಬಾಯಿ ಮುಚ್ಚಿಸಿದ್ರು. ಕಿರುಚ್ತಿರೋನ ನೋವು ಏನು ಅಂತ ಕೇಳದೆ ಬಾಯಿಗೆ ಬಟ್ಟೆ ತುರುಕೋದು ನಮಗೇನು ಹೊಸ ವಿದ್ಯೆ ಅಲ್ಲ ಬಿಡಿ.

ಫ್ಯೂಸ್ ಇರೋದು ಬಲ್ಬು ಕಾಯೋಕಲ್ಲ, ವೈರು ಕಾಯೋಕೆ. 15ಕ್ಕೆ ತಕ್ಕ ತೆಳ್ಳನೆ ವೈರಿಗೆ 30ರ ಫ್ಯೂಸ್ ಹಾಕಿದ್ರೆ, ಶಾರ್ಟ್ ಆದಾಗ ಫ್ಯೂಸಿಗಿಂತ ಮುಂಚೆ ವೈರೇ ಕಾದು ಕೆಂಪಾಗಬಹುದು. ಅದು ಹೋಗೋದು ಡ್ಯಾಶ್‌ಬೋರ್ಡ್ ಒಳಗೆ, ಸೀಟಿನ ಕೆಳಗೆ, ಕಾರ್ಪೆಟ್ ಅಡಿಯಲ್ಲಿ. ಆ ಗಾಡಿಯಲ್ಲಿ ರಾತ್ರಿ ಐದು ಜನ ನಿದ್ದೆ ಮಾಡ್ತಾ ಬಂದಿದ್ದೀವಿ. ಸಿಗರೇಟ್ ಪ್ಯಾಕಿನ ಬೇಗಡೆ, ತಾಮ್ರದ ತಂತಿ ಸುತ್ತಿದ ಫ್ಯೂಸ್ ಅಂತೂ ಇನ್ನೂ ಕೆಟ್ಟದ್ದು, ಅದಕ್ಕೆ ಲೆಕ್ಕವೇ ಇಲ್ಲ.

ಶಾರ್ಟ್ ಹುಡುಕೋಕೆ ಒಂದು ಬಡವರ ಉಪಾಯ ಇದೆ, ಹತ್ತಾರು ಫ್ಯೂಸ್ ಸುಡಬೇಕಾಗಿಲ್ಲ. ಆ ಲೈನಿನ ಬಲ್ಬೆಲ್ಲ ಬಿಚ್ಚಿಟ್ಟು, ಫ್ಯೂಸ್ ಕಿತ್ತು, ಅದರ ಎರಡು ಬಾಯಿಗೆ 21 ವ್ಯಾಟಿನ ಇಂಡಿಕೇಟರ್ ಬಲ್ಬಿನ ಎರಡು ವೈರು ಸಿಕ್ಕಿಸಿ, ಲೈಟ್ ಸ್ವಿಚ್ ಹಾಕಿ. ಎಲ್ಲೂ ಶಾರ್ಟ್ ಇಲ್ಲದಿದ್ರೆ ಬಲ್ಬು ಉರಿಯಲ್ಲ. ಶಾರ್ಟ್ ಇದ್ರೆ ಧಗಧಗ ಉರಿಯುತ್ತೆ, ಆದರೆ ಅದರ ಮೂಲಕ ಹರಿಯೋದು ಎರಡು ಆಂಪ್ಸಿಗಿಂತ ಕಮ್ಮಿ, ವೈರಿಗೆ ಏನೂ ಆಗಲ್ಲ. ಈಗ ಒಬ್ಬರು ಬಲ್ಬು ನೋಡ್ತಾ ನಿಲ್ಲಿ, ಇನ್ನೊಬ್ಬರು ವೈರಿನ ಕಟ್ಟನ್ನ ಮುಂದಿಂದ ಹಿಂದಕ್ಕೆ ಅಲ್ಲಾಡಿಸ್ತಾ ಹೋಗಿ. ನಾನು ಅಲ್ಲಾಡಿಸ್ತಾ ಹೋದೆ. ಡ್ಯಾಶ್‌ಬೋರ್ಡ್ ಕೆಳಗೆ ಏನಿಲ್ಲ, ಬಾಗಿಲ ಹೊಸ್ತಿಲಲ್ಲಿ ಏನಿಲ್ಲ. ಡಿಕ್ಕಿಯ ಕೀಲಿನ ಹತ್ರ, ನಂಬರ್ ಪ್ಲೇಟ್ ದೀಪಕ್ಕೆ ಹೋಗೋ ವೈರು ಬಾಗೋ ಜಾಗದಲ್ಲಿ ಕೈ ಹಾಕಿದ್ದೇ 'ಹಾ, ಹೋಯ್ತು, ಬಂತು, ಹೋಯ್ತು' ಅಂತ ಚಾಚಾ ಕೂಗಿದ್ರು. ಅಷ್ಟು ವರ್ಷ ಡಿಕ್ಕಿ ತೆಗೆದು ಹಾಕಿ ವೈರಿನ ಸಿಪ್ಪೆ ಸವೆದು ತಗಡಿಗೆ ತಗುಲ್ತಿತ್ತು. ಸುಟ್ಟು ಮೆತ್ತಗಾಗಿದ್ದ ಒಂದು ಗೇಣು ವೈರು ಕತ್ತರಿಸಿ, ಹೊಸದು ಬೆಸೆದು, ಕೊಳವೆ ತೊಡಿಸಿ, ನೀಲಿ ಫ್ಯೂಸ್ ಹಾಕಿದ್ವಿ. ಇವತ್ತಿನವರೆಗೂ ಅದು ಸುಟ್ಟಿಲ್ಲ.

ಏಪ್ರಿಲ್ ವಾಯಿದೆಗೆ ಮಧುಗಿರಿಯಲ್ಲಿ ಒಂದ್ಸಲ, ಕೊರಟಗೆರೆಯಲ್ಲಿ ಒಂದ್ಸಲ ನಿಲ್ಲಿಸಿದ್ವಿ. ಎರಡೂ ಸಲ ಹತ್ತಿತು. ಆ ಅವ್ವ ಬಂದಿದ್ರು. ಬರೋ ಹಾಗೆ ಮಾಡೋಕೆ ಮೂರು ಸಲ ಅವರ ಮನೆಗೆ ಹೋಗಿದ್ದು ಬೇರೆ ಕಥೆ, ಅದು ರಿಲೇ ಬದಲಾಯಿಸಿದಷ್ಟು ಸುಲಭ ಇರ್ಲಿಲ್ಲ. ಕಟಕಟೆಯಲ್ಲಿ ಒಂದೂವರೆ ಗಂಟೆ ನಿಂತು ಹೇಳಿದ್ರು. ಕೇಸಿನ್ನೂ ನಡೀತಿದೆ, ಅದರ ಬಗ್ಗೆ ಇಲ್ಲಿ ಇಷ್ಟೇ.

ಜಾಥಾಗೆ ಮೈಕ್ ಕಟ್ಟೋ ಹುಡುಗರಿಗೆ ಒಂದು ಮಾತು. 200 ವ್ಯಾಟಿನ ಆಂಪ್ಲಿಫೈಯರ್ ಜೋರಾಗಿ ಹಾಕಿದ್ರೆ 12 ವೋಲ್ಟಲ್ಲಿ ಕಮ್ಮಿ ಅಂದ್ರೂ 17 ಆಂಪ್ಸು ಬೇಕು, ನಿಜಕ್ಕೆ ಇನ್ನೂ ಜಾಸ್ತಿ. ಸಿಗರೇಟ್ ಲೈಟರ್ ಸಾಕೆಟ್ಟಿಗೆ ಇರೋದು ಸಾಮಾನ್ಯವಾಗಿ 10 ಅಥವಾ 15ರ ಫ್ಯೂಸು. ಅದು ಸುಟ್ಟಾಗ ದೊಡ್ಡದು ಹಾಕೋಕೆ ಹೋಗ್ಬೇಡಿ. ಬ್ಯಾಟರಿಯಿಂದಲೇ ದಪ್ಪ ವೈರು ಎಳೀರಿ, ಬ್ಯಾಟರಿಯಿಂದ ಒಂದು ಗೇಣಿನೊಳಗೇ ಅದಕ್ಕೊಂದು ಫ್ಯೂಸ್ ಹಾಕಿ. ಫ್ಯೂಸನ್ನ ಆಂಪ್ಲಿಫೈಯರ್ ಹತ್ರ ಹಾಕಿದ್ರೆ, ನಡುವೆ ವೈರು ಎಲ್ಲಾದ್ರೂ ತಗಡಿಗೆ ತಗುಲಿದಾಗ ತಡೆಯೋರು ಯಾರೂ ಇರಲ್ಲ.

ನಮ್ಮ ಗಾಡಿಯ ಡ್ಯಾಶ್‌ಬೋರ್ಡಲ್ಲಿ ಈಗ ಒಂದು ಊಟದ ಡಬ್ಬಿ ಇದೆ. ಎಲ್ಲಾ ಬಣ್ಣದ ಎರಡೆರಡು ಫ್ಯೂಸು, ಒಂದು ರಿಲೇ, ಒಂದು ಟೆಸ್ಟ್ ಲ್ಯಾಂಪು, ವೈರು ಸಿಕ್ಕಿಸಿದ ಆ 21 ವ್ಯಾಟಿನ ಬಲ್ಬು. ಎಲ್ಲಾ ಸೇರಿ ಐನೂರು ದಾಟಿಲ್ಲ.

ಬರೋ ಭಾನುವಾರ ಬೆಳಗ್ಗೆ ಹತ್ತಕ್ಕೆ ಚಾಚಾ ನಮ್ಮ ಆಫೀಸಿನ ಅಂಗಳಕ್ಕೆ ಬರ್ತಾರೆ. ಗಾಡಿ ಇರೋರು ತಗೊಂಡು ಬನ್ನಿ, ಹೆಣ್ಮಕ್ಕಳು ಖಂಡಿತ ಬನ್ನಿ, ಡ್ರೈವಿಂಗ್ ಕಲಿತಿರೋರು ನಮ್ಮಲ್ಲಿ ಈಗ ಆರು ಜನ ಇದ್ದೀರಿ. ಬರೋ ಮುಂಚೆ ಫ್ಯೂಸ್ ಪೆಟ್ಟಿಗೆಯ ಮುಚ್ಚಳದ ಫೋಟೋ ತೆಗೆದಿಟ್ಕೊಳ್ಳಿ, ಅಕ್ಷರ ಅಳಿಸಿ ಹೋಗಿದ್ರೆ ಅದೇ ಮಾಡೆಲ್ಲಿನ ಇನ್ನೊಂದು ಗಾಡೀದು ಆದ್ರೂ ಸರಿ. ಬ್ಯಾಟರಿಯ ಮೈನಸ್ ಬಿಚ್ಚೋಕೆ ಹತ್ತನೇ ನಂಬರ್ ಸ್ಪ್ಯಾನರ್ ಬೇಕು, ನಮ್ಮ ಹತ್ರ ಒಂದೇ ಇದೆ, ಇದ್ದವರು ತನ್ನಿ.